ಪೈಪಿನ ಮೇಲೆ ಮೂರು ಏಟು

ಸೊಸೆ ಹಲ್ಲಿನ ಸೆಟ್ಟು ಮಾಡುವ ಲ್ಯಾಬಿನಲ್ಲಿ ಕೆಲಸಕ್ಕಿದ್ದಳು. ಡಾಕ್ಟರುಗಳು ಕಳಿಸಿದ ಬಾಯಿಯ ಅಚ್ಚಿಗೆ ಪ್ಲಾಸ್ಟರ್ ಕಲಸಿ ಹುಯ್ಯುವುದು, ಒಣಗಿದ ಮೇಲೆ ಉಜ್ಜುವುದು, ಗುಲಾಬಿ ಬಣ್ಣದ ವಸಡಿನಲ್ಲಿ ಒಂದೊಂದೇ ಹಲ್ಲು ಕೂರಿಸುವುದು. ಬೇರೆಯವರು ನಗಲಿ ಅಂತ ತಾನು ದಿನವಿಡೀ ಮುಖ ಗಂಟಿಕ್ಕಿಕೊಂಡು ಕೂರುವ ಕೆಲಸ ಇದು ಎಂದು ಅವಳೇ ತಮಾಷೆ ಮಾಡುತ್ತಿದ್ದಳು. ರಜೆಯ ದಿನ ಬಂತೆಂದರೆ ಮಾತ್ರ ಅವಳನ್ನು ಹಿಡಿಯುವವರಿರಲಿಲ್ಲ. ಮನೆಯ ನೆಲಮಾಳಿಗೆಗೆ ಇಳಿದು ಬಾಗಿಲು ಹಾಕಿಕೊಂಡರೆ ಊಟಕ್ಕೆ ಕೂಗಿದರೂ ಮೇಲೆ ಬರುತ್ತಿರಲಿಲ್ಲ. ಅಲ್ಲಿ ಅವಳು ಒಂದು ಸಿನಿಮಾ ಮಾಡುತ್ತಿದ್ದಳು.

ಸಿನಿಮಾ ಅಂದರೆ ಗೊಂಬೆಗಳದ್ದು, ಸಣ್ಣದು, ಟೀ ಕುಡಿದು ಮುಗಿಸುವಷ್ಟರಲ್ಲಿ ಮುಗಿದುಹೋಗುವಂಥದ್ದು. ಗೇಣುದ್ದದ ಗೊಂಬೆಯೊಳಗೆ ತಂತಿಯ ಮೂಳೆ, ಮೇಲೆ ಸ್ಪಂಜಿನ ಮೈ, ಲ್ಯಾಬಿನಲ್ಲಿ ಕಲಿತ ವಿದ್ಯೆಯಿಂದ ಮಾಡಿದ ಮುಖ. ಗೊಂಬೆಯ ಕಾಲನ್ನು ಕೂದಲೆಳೆಯಷ್ಟು ಸರಿಸಿ ಒಂದು ಫೋಟೋ ತೆಗೆಯಬೇಕು, ಮತ್ತೆ ಅಷ್ಟೇ ಸರಿಸಿ ಇನ್ನೊಂದು. ಇಡೀ ದಿನ ಬೆನ್ನು ಬಗ್ಗಿಸಿದರೆ ಗೊಂಬೆ ಕುರ್ಚಿಯಿಂದ ಎದ್ದು ಬಾಗಿಲ ತನಕ ಹೋಗಿರುತ್ತಿತ್ತು, ಅಷ್ಟೇ. ನಡುವೆ ಯಾರಾದರೂ ಸೀನಿ ಮೇಜು ಅಲ್ಲಾಡಿದರೂ ಬೆಳಗಿನಿಂದ ಮಾಡಿದ್ದೆಲ್ಲ ನೀರಿಗೆ ಹಾಕಿದ ಹಾಗೆ.

ಕಥೆ ಅವಳದಲ್ಲ. ತೀರಾ ಹಳೆಯದು; ಶಾಲೆಗೆ ಹೋದವರೆಲ್ಲ ಒಂದಲ್ಲ ಒಂದು ಸಲ ಹೊದಿಕೆಯೊಳಗೆ ಮುಖ ಹುದುಗಿಸಿಕೊಂಡು ಓದಿ ಹೆದರಿದ ಕಥೆ. ಒಬ್ಬಂಟಿ ಮನುಷ್ಯನೊಬ್ಬ ಹಳೇ ಮನೆಗೆ ಬಾಡಿಗೆಗೆ ಬರುತ್ತಾನೆ. ದಿನಾ ಗೋಡೆಯೊಳಗಿಂದ ಮೂರು ಏಟು ಕೇಳುತ್ತದೆ. ಸುಮ್ಮನಿರಲಾರದೆ ಒಂದು ದಿನ ಇವನೂ ಮೂರು ಸಲ ತಟ್ಟುತ್ತಾನೆ. ಅಲ್ಲಿಂದ ಅವನಿಗೆ ನಿದ್ದೆಯಿಲ್ಲ, ಊಟವಿಲ್ಲ. ಕೊನೆಗೆ ತಾಳಲಾರದೆ ಗೋಡೆ ಒಡೆದರೆ ಒಳಗೆ ಒಂದು ಇಕ್ಕಟ್ಟಾದ ಕೋಣೆ, ಒಂದು ಖಾಲಿ ಕುರ್ಚಿ. ಒಳಗೆ ಕಾಲಿಟ್ಟದ್ದೇ ತಡ, ಬೆನ್ನ ಹಿಂದೆ ಗೋಡೆ ಕೂಡಿಕೊಳ್ಳುತ್ತದೆ. ಮೊದಲಿದ್ದವನು ಹೊರಗೆ, ಇವನು ಒಳಗೆ. ಇನ್ನು ತಟ್ಟುವ ಸರದಿ ಇವನದು.

ಗೊಂಬೆಗೆ ಬಟ್ಟೆ ಹೊಲಿದುಕೊಟ್ಟವರು ಮಾವ. ಅವರು ಕಸುಬಿನಲ್ಲಿ ದರ್ಜಿ. ಅಂಗಡಿ ಮುಚ್ಚಿ ಬಹಳ ಕಾಲವಾಗಿದ್ದರೂ ಕೈಯ ತುರಿಕೆ ಹೋಗಿರಲಿಲ್ಲ. ಕಣ್ಣು ಚೆನ್ನಾಗಿತ್ತು, ಕೈಕೊಟ್ಟದ್ದು ಕಿವಿ. ಕಿವಿಗೆ ಮಿಷನ್ ಹಾಕಿಕೊಂಡರೆ ಕೇಳುತ್ತಿತ್ತು, ತೆಗೆದರೆ ಲೋಕವೇ ಬಂದ್. ಮಗ ಸರಕು ಹಡಗಿನ ಇಂಜಿನ್ ಕೋಣೆಯಲ್ಲಿ ಕೆಲಸಕ್ಕಿದ್ದ, ವರ್ಷದಲ್ಲಿ ಹೆಚ್ಚು ದಿನ ನೀರಿನ ಮೇಲೆಯೇ. ಹಾಗಾಗಿ ಮನೆಯಲ್ಲಿ ಮಾವ, ಸೊಸೆ ಇಬ್ಬರೇ.

"ಇವನಿಗೆ ಜೇಬು ಯಾಕಮ್ಮ?" ಎಂದು ಕೋಟು ಹೊಲಿಯುವಾಗ ಮಾವ ಕೇಳಿದ್ದರು. "ಇವನ ಹತ್ರ ಇಟ್ಕೊಳ್ಳೋಕೆ ಏನಿದೆ?"

"ಚಳಿಗೆ ಕೈ ಇಟ್ಕೊಳ್ಳಲಿ ಬಿಡಿ ಮಾವ."

"ಅಂಥ ಚಳಿ ಮನೇಲಿ ಇದಾನಾ? ಹಾಗಾದ್ರೆ ಪೂರ್ತಿ ಕಥೆ ಹೇಳು."

ಅವರು ಚಿಕ್ಕಂದಿನಲ್ಲೇ ಶಾಲೆ ಬಿಟ್ಟು ಹೊಲಿಗೆಗೆ ಕೂತವರು, ಈ ಕಥೆ ಓದಿರಲಿಲ್ಲ. ಸೊಸೆ ಹೇಳಿದಳು. ಕೇಳುತ್ತಾ ಕೇಳುತ್ತಾ ಅವರ ಸೂಜಿ ನಿಂತಿತು. "ಥೂ, ಎಂಥ ಕಥೆನಮ್ಮ ಇದು! ಇನ್ನು ರಾತ್ರಿ ನಿದ್ದೆ ಬಂದ ಹಾಗೇ," ಎಂದರು. ಆಮೇಲೆ ಅವರು ನೆಲಮಾಳಿಗೆಗೆ ಕಾಲಿಡುವುದನ್ನೇ ಬಿಟ್ಟರು. ಹೊಲಿದ ಬಟ್ಟೆಯನ್ನು ಮೆಟ್ಟಿಲ ಮೇಲಿಟ್ಟು ಅಲ್ಲಿಂದಲೇ ಕೂಗುತ್ತಿದ್ದರು. ಸೊಸೆ ನಕ್ಕರೆ, "ನಗು, ನಗು. ಇವನಿಗೆ ಬಟ್ಟೆ ತೊಡಿಸಿದವನು ನಾನು. ನನ್ನ ಅಳತೆ ಅವನಿಗೂ ಗೊತ್ತಿರುತ್ತೆ," ಎನ್ನುತ್ತಿದ್ದರು. ತಮಾಷೆಯಂತೆ ಹೇಳಿದರೂ ಮುಖದಲ್ಲಿ ತಮಾಷೆ ಇರುತ್ತಿರಲಿಲ್ಲ.

ಅವತ್ತು ಕೊನೆಯ ದೃಶ್ಯ ಶುರುವಾಗಿತ್ತು. ಗೊಂಬೆ ಒಡೆದ ಗೋಡೆ ದಾಟಿ ಒಳಕೋಣೆಗೆ ಕಾಲಿಡಬೇಕು. ಅರ್ಧ ಹೆಜ್ಜೆಯಾಗುವಷ್ಟರಲ್ಲಿ ಅಂಟು ಮುಗಿಯಿತು. ಸೊಸೆ ಮೇಲೆ ಬಂದು, "ಮಾವ, ಅಂಟು ತರೋಕೆ ಹೋಗ್ತಿದ್ದೀನಿ, ಬರೋದು ತಡವಾದ್ರೆ ನೀವು ಊಟ ಮಾಡಿಬಿಡಿ," ಎಂದು ಹೇಳಿ ಹೋದಳು. ಅಂಟು ಹತ್ತಿರದ ಅಂಗಡಿಯಲ್ಲೇ ಸಿಕ್ಕಿತು. ಅಂದುಕೊಂಡದ್ದಕ್ಕಿಂತ ಬೇಗ ಮರಳಿದರೂ ಅಷ್ಟರಲ್ಲಿ ಮಾವ ಊಟ ಮುಗಿಸಿ ಅಡ್ಡಾಗಿದ್ದರು. ಎಬ್ಬಿಸುವುದೇಕೆ ಎಂದು ಹಿತ್ತಲ ಬಾಗಿಲಿನಿಂದ ನೇರ ನೆಲಮಾಳಿಗೆಗೆ ಇಳಿದಳು. ಅವಳು ಮನೆಯಲ್ಲಿರುವುದು ಹೀಗೆ ಯಾರಿಗೂ ಗೊತ್ತಿಲ್ಲದೆ ಹೋಯಿತು.

ನೆಲಮಾಳಿಗೆ ಒಂದು ಕಾಲಕ್ಕೆ ಮಾವನ ಬಟ್ಟೆಯ ಥಾನುಗಳನ್ನು ಇಡುತ್ತಿದ್ದ ಜಾಗ. ಕಿಟಕಿಯಿಲ್ಲ. ಬೆಳಕು, ಸದ್ದು ಬಾರದಿರಲಿ ಎಂದು ಬಾಗಿಲಿಗೆ ಅವಳೇ ದಪ್ಪ ಹಾಸಿಗೆಯೊಂದನ್ನು ಬಡಿದಿದ್ದಳು. ನಡುವೆ ಕಬ್ಬಿಣದ ಕಾಲಿನ ಭಾರಿ ಮೇಜು. ಅದರ ಮೇಲೆ ಗೊಂಬೆಯ ಮನೆ, ಮೂರು ಕಡೆ ಅವಳ ತಲೆಯೆತ್ತರಕ್ಕೆ ಬರುವ ಗೋಡೆ. ಗೋಡೆಗಳ ನಡುವಿನ ಗೊಂಬೆಯನ್ನು ಮುಟ್ಟಬೇಕೆಂದರೆ ಹೊರಗಿನಿಂದ ಕೈ ಎಟುಕುತ್ತಿರಲಿಲ್ಲ. ಅದಕ್ಕೇ ಮೇಜಿನ ಹಲಗೆಯ ನಡುವೆ ಒಬ್ಬರು ತೂರುವಷ್ಟು ಕಂಡಿ ಕೊರೆಸಿದ್ದಳು. ಮೇಜಿನ ಕೆಳಗೆ ತೆವಳಿಕೊಂಡು ಹೋಗಿ, ಕಂಡಿಯಲ್ಲಿ ಎದ್ದು ನಿಂತರೆ ಎದೆಯಿಂದ ಮೇಲೆ ಗೊಂಬೆಯ ಮನೆಯೊಳಗೆ, ಕೆಳಗಿನದೆಲ್ಲ ಮೇಜಿನಡಿಗೆ.

ಹಾಗೆ ನಿಂತು ಒಂದು ದೀಪವನ್ನು ತುಸು ಈಚೆಗೆ ಎಳೆದುಕೊಳ್ಳಲು ಹೋದಳು. ದೀಪದ ವೈರು ಹಿಂದಿದ್ದ ಕಬ್ಬಿಣದ ರ‍್ಯಾಕಿನ ಕಾಲಿಗೆ ಸಿಕ್ಕಿಕೊಂಡಿತ್ತು. ಅವಳಿಗೆ ಕಾಣಿಸಲಿಲ್ಲ, ಇನ್ನೊಮ್ಮೆ ಜಗ್ಗಿದಳು. ರ‍್ಯಾಕಿನ ಕಾಲು ತೇವಕ್ಕೆ ತುಕ್ಕು ಹಿಡಿದು ಹೆಸರಿಗಷ್ಟೇ ನಿಂತಿತ್ತು. ಪ್ಲಾಸ್ಟರ್ ಚೀಲಗಳ ಸಮೇತ ಅದು ಮೇಜಿನ ಕಡೆಗೆ ಕುಸಿದು ಬಿತ್ತು.

ಸದ್ದು ಅಡಗಿದ ಮೇಲೆ ಅವಳು ಮೊದಲು ನೋಡಿದ್ದು ಗೊಂಬೆಯನ್ನು. ಗೊಂಬೆ ಒಂದು ಕಾಲೆತ್ತಿಕೊಂಡು ಇದ್ದಲ್ಲೇ ಇತ್ತು. ಕ್ಯಾಮೆರಾ ಕೂಡ ಅಲ್ಲಾಡಿರಲಿಲ್ಲ. "ಅಬ್ಬ, ಬಚಾವಾದೆ," ಎಂದು ಜೋರಾಗಿಯೇ ಅಂದಳು. ಆಮೇಲೆ ಕೆಳಗೆ ಕೂರಲು ನೋಡಿದಳು. ಆಗಲಿಲ್ಲ.

ಚೀಲಗಳು ಜಾರಿ ಮೇಜಿನಡಿ ತುಂಬಿಕೊಂಡಿದ್ದವು. ಮಂಡಿ ಮಡಚಲೂ ಜಾಗವಿಲ್ಲ. ಮೇಲಕ್ಕೆ ಏರೋಣವೆಂದು ಎರಡೂ ಕೈಯೂರಿ ಮೈ ಎತ್ತಿದಳು. ಎಡಗಾಲಿನ ಹರಡಿನಿಂದ ನೋವು ಸೊಂಟದ ತನಕ ಮಿಂಚಿತು. ಕಾಲು ರ‍್ಯಾಕಿನ ಪಟ್ಟಿಗೂ ಮೇಜಿನ ಕಾಲಿಗೂ ನಡುವೆ ಸಿಕ್ಕಿಕೊಂಡಿತ್ತು. ಕೆಳಗೆ ಹೋಗುವಂತಿಲ್ಲ, ಮೇಲೆ ಬರುವಂತಿಲ್ಲ. ಕೈಗಳು ಮಾತ್ರ ಆಡುತ್ತಿದ್ದವು.

"ಮಾವಾ!" ಎಂದು ಕೂಗಿದಳು.

ತಾನೇ ಬಾಗಿಲಿಗೆ ಹೊಡೆದ ಹಾಸಿಗೆ ಅವಳ ಕೂಗನ್ನು ನುಂಗಿಕೊಂಡಿತು. ಗಂಟಲು ಹರಿಯುವಂತೆ ಕೂಗಿದಳು. ಮಾವ ಮಲಗುವಾಗ ಕಿವಿಯ ಮಿಷನ್ ತೆಗೆದಿಡುತ್ತಾರೆಂಬುದು ನೆನಪಾಗಿ ಸುಮ್ಮನಾದಳು. ಪ್ಲಾಸ್ಟರಿನ ಧೂಳು ಬಾಯಿಯೊಳಗೆಲ್ಲ ಹೋಗಿ ನಾಲಿಗೆ ಅಂಗುಳಕ್ಕೆ ಅಂಟುತ್ತಿತ್ತು.

ಫೋನು ಕ್ಯಾಮೆರಾದ ಪಕ್ಕದ ಸ್ಟೂಲಿನ ಮೇಲಿತ್ತು. ಕೈ ಚಾಚಿದರೆ ಬೆರಳ ತುದಿಗೂ ಸ್ಟೂಲಿಗೂ ನಡುವೆ ಒಂದು ಮೊಳ. ಉದ್ದನೆಯ ಇಕ್ಕಳದಿಂದ ಪ್ರಯತ್ನಿಸಿದಳು. ಹತ್ತಿರ ಬಂತು, ಸಾಲಲಿಲ್ಲ. ಅಷ್ಟರಲ್ಲಿ ಫೋನು ತಾನೇ ಬೆಳಗಿತು. ಗಂಡನ ಹೆಸರು. ಹಡಗು ದಡದ ಹತ್ತಿರ ಬಂದಿರಬೇಕು, ಸಿಗ್ನಲ್ ಸಿಕ್ಕಿದ ಕೂಡಲೇ ಮಾಡಿದ್ದಾನೆ. ಶೂಟಿಂಗಿಗೆ ಅಡ್ಡಿಯಾಗದಿರಲಿ ಎಂದು ಅವಳು ಫೋನಿನ ಬಾಯಿ ಮುಚ್ಚಿಸಿಟ್ಟಿದ್ದಳು. ಅದು ಗುಂಯ್‌ಗುಟ್ಟುತ್ತಾ ಸ್ಟೂಲಿನ ಮೇಲೆ ಇರುವೆಯ ಹಾಗೆ ಹರಿಯತೊಡಗಿತು. "ಈ ಕಡೆ ಬಾ, ಈ ಕಡೆ ಬಾ," ಎಂದು ಅವಳು ಬೇಡಿಕೊಂಡಳು. ಅದು ಆ ಕಡೆಯ ಅಂಚಿಗೆ ಹೋಗಿ ಕೆಳಗೆ ಬಿತ್ತು. ನೆಲದ ಮೇಲೆ ಕವುಚಿ ಬಿದ್ದೂ ಸ್ವಲ್ಪ ಹೊತ್ತು ಗುಂಯ್‌ಗುಟ್ಟಿ ಸುಮ್ಮನಾಯಿತು.

ಆಗ ಅವಳಿಗೆ ಅಳು ಬಂತು. ಅತ್ತು ಮುಗಿಸಿ ಮೂಗೊರೆಸಿಕೊಳ್ಳುವಾಗ ತಲೆಯ ಮೇಲೆ ನೀರು ಹರಿಯುವ ಸದ್ದು ಕೇಳಿತು.

ಅಡುಗೆಮನೆಯ ನಲ್ಲಿಗೆ ಹೋಗುವ ಕಬ್ಬಿಣದ ಪೈಪು ನೆಲಮಾಳಿಗೆಯ ಸೂರಿಗೆ ತಾಗಿಕೊಂಡು, ಅವಳ ತಲೆಯ ಮೇಲೆಯೇ ಹಾದುಹೋಗಿತ್ತು. ಮಾವ ಎದ್ದಿದ್ದಾರೆ, ಲೋಟ ತೊಳೆಯುತ್ತಿದ್ದಾರೆ! ಎದ್ದ ಮೇಲೆ ಮಿಷನ್ ಹಾಕಿಕೊಂಡೇ ಇರುತ್ತಾರೆ. ಅವಳು ಪಕ್ಕದಲ್ಲಿ ಬಿದ್ದಿದ್ದ ಸುತ್ತಿಗೆ ತೆಗೆದುಕೊಂಡು ಕೈ ಎತ್ತಿ ಪೈಪಿಗೆ ಹೊಡೆದಳು. ಠಣ್, ಠಣ್, ಠಣ್.

ನೀರು ತಟ್ಟನೆ ನಿಂತಿತು.

ಅವಳು ಸುತ್ತಿಗೆ ಹಿಡಿದೇ ಕಾದಳು. ಮಾವ ಈಗ ಹಿತ್ತಲ ಕಡೆ ಬರುತ್ತಾರೆ, ಮೆಟ್ಟಿಲಿಳಿಯುತ್ತಾರೆ, ಬೈಯುತ್ತಾರೆ. ಯಾವ ಹೆಜ್ಜೆಯೂ ಕೇಳಲಿಲ್ಲ. ಮತ್ತೆ ಹೊಡೆದಳು. ಠಣ್, ಠಣ್, ಠಣ್. ಮೇಲೆ ಏನೋ ಬಿದ್ದು ಉರುಳಿತು, ಲೋಟವಿರಬೇಕು. ಆಮೇಲೆ ಹೆಜ್ಜೆಗಳು, ಮೆಲ್ಲಗೆ, ಹಿಂದಕ್ಕೆ ಹಿಂದಕ್ಕೆ, ಅಡುಗೆಮನೆಯಿಂದ ಹಜಾರಕ್ಕೆ. ಆಮೇಲೆ ಟೀವಿ. ಟೀವಿಯ ಸದ್ದು ಏರುತ್ತಾ ಏರುತ್ತಾ ಹೋಗಿ, ಸೂರಿನ ಧೂಳು ಉದುರುವಷ್ಟಾಯಿತು. ಯಾರೋ ಹವಾಮಾನ ಓದುತ್ತಿದ್ದರು.

ಅವಳಿಗೆ ಮೊದಲು ಅರ್ಥವಾಗಲಿಲ್ಲ. ಕೈಯಲ್ಲಿದ್ದ ಸುತ್ತಿಗೆಯನ್ನೂ ಎದುರಿಗಿದ್ದ ಗೊಂಬೆಯನ್ನೂ ನೋಡಿದಾಗ ಹೊಳೆಯಿತು. ಅವಳು ಹೊಡೆದದ್ದು ಮೂರೇ ಏಟು. ಎರಡು ಸಲವೂ ಮೂರು. ಇಷ್ಟು ಕಾಲ ಈ ಕಥೆಯೊಳಗೇ ಇದ್ದು ಅವಳ ಕೈಗೆ ಬೇರೆ ಲೆಕ್ಕವೇ ಬರುತ್ತಿರಲಿಲ್ಲ. ಸೊಸೆ ಅಂಗಡಿಗೆ ಹೋಗಿದ್ದಾಳೆ, ಮನೆಯಲ್ಲಿ ಯಾರೂ ಇಲ್ಲ ಎಂದುಕೊಂಡ ಮುದುಕರಿಗೆ ಗೋಡೆಯೊಳಗಿಂದ ಮೂರು ಏಟು ಕೇಳಿದರೆ!

"ಅಯ್ಯೋ ಮಾವ, ನಾನು! ನಾನು ಕಣ್ರೀ!" ಎಂದು ಕೂಗುತ್ತಾ ಪೈಪಿಗೆ ಸಿಕ್ಕಾಪಟ್ಟೆ ಬಡಿದಳು, ಲೆಕ್ಕವಿಲ್ಲದೆ, ತಾಳವಿಲ್ಲದೆ. ಅದರಿಂದ ಇನ್ನೂ ಕೆಟ್ಟಿತು. ಗೋಡೆಯೊಳಗಿದ್ದದ್ದಕ್ಕೆ ಸಿಟ್ಟು ಬಂದಿದೆ ಎಂದುಕೊಂಡ ಮಾವ ಕಿವಿಯ ಮಿಷನ್ ಕಿತ್ತು ಜೇಬಿಗೆ ಹಾಕಿಕೊಂಡರು. ಇದೆಲ್ಲ ಅವಳಿಗೆ ತಿಳಿದದ್ದು ಆಮೇಲೆ. ಆಗ ಕೇಳುತ್ತಿದ್ದುದು ಹವಾಮಾನ ಒಂದೇ.

ಎಷ್ಟು ಹೊತ್ತು ಹಾಗೆ ನಿಂತಿದ್ದಳೋ. ಕಾಲು ಮೊದಲು ನೋಯುತ್ತಿತ್ತು, ಆಮೇಲೆ ಜೋಮು ಹಿಡಿಯಿತು, ಆಮೇಲೆ ಅದು ತನ್ನದಲ್ಲವೆನ್ನಿಸಿತು. ಹಲಗೆಯ ಅಂಚು ಪಕ್ಕೆಲುಬಿಗೆ ಒತ್ತುತ್ತಿದ್ದುದರಿಂದ ಉಸಿರನ್ನು ಸಣ್ಣಸಣ್ಣಗೆ ಎಳೆದುಕೊಳ್ಳಬೇಕಾಗಿತ್ತು. ಅವಳ ಸುತ್ತ ಅವಳೇ ಕಟ್ಟಿದ ಮನೆ. ಬೆರಳಗಲದ ಚೌಕಟ್ಟಿನ ಪಟಗಳು, ಇಟ್ಟಿಗೆಯಷ್ಟು ದೊಡ್ಡ ಪುಸ್ತಕದ ಕಪಾಟು, ಮುದುರಿದ ಹಾಸಿಗೆ. ಎಷ್ಟೋ ದಿನ ಇವನ್ನು ಮಾಡುತ್ತಾ, ತಾನೂ ಗೇಣುದ್ದ ಇದ್ದಿದ್ದರೆ ಇಲ್ಲೇ ಇದ್ದುಬಿಡಬಹುದಿತ್ತು ಎಂದುಕೊಂಡಿದ್ದಳು. ಈಗ ಆ ಮನೆ ಮುಖಕ್ಕೆ ಇಷ್ಟು ಹತ್ತಿರವಿತ್ತು, ಬಿಟ್ಟ ಉಸಿರು ಗೋಡೆಗೆ ಬಡಿದು ವಾಪಸು ಬರುತ್ತಿತ್ತು.

ಸುಟ್ಟ ವಾಸನೆ ಬಂದದ್ದು ಆಗಲೇ.

ರ‍್ಯಾಕು ಬೀಳುವಾಗ ಒಂದು ದೀಪಕ್ಕೆ ತಗುಲಿ, ಅದು ವಾಲಿಕೊಂಡು ಗೊಂಬೆಮನೆಯ ಹಿಂದಿನ ಗೋಡೆಗೆ ಒರಗಿತ್ತು. ಕೈ ಸುಡುವಷ್ಟು ಬಿಸಿಯಾಗುವ ದೀಪ. ಗೋಡೆಗೆ ಅಂಟಿಸಿದ ಹೂವಿನ ಕಾಗದ ಕಂದಾಗಿ, ನಡುವೆ ಕಪ್ಪಗಾಗುತ್ತಿತ್ತು. ಇಡೀ ಮನೆ ಕಾಗದ, ರಟ್ಟು, ಸ್ಪಂಜು, ಅಂಟು. ಹೊತ್ತಿಕೊಂಡರೆ ಅವಳು ನಡುಮಧ್ಯದಲ್ಲಿ ನಿಂತಿದ್ದಾಳೆ.

ಸುತ್ತಿಗೆಯಿಂದ ದೀಪವನ್ನು ದೂಡೋಣವೆಂದರೆ ಎಟುಕಲಿಲ್ಲ. ಸ್ವಿಚ್ಚು ಬಾಗಿಲ ಪಕ್ಕ. ಎಟುಕುತ್ತಿದ್ದದ್ದು ಆ ದೀಪದ ವೈರು ಒಂದೇ, ಮೇಜಿನ ಮೇಲೆ ಹಾದುಹೋಗಿದ್ದ ಕಪ್ಪು ವೈರು. ಎಳೆದರೆ ದೀಪ ಕಾಗದದ ಮೇಲೇ ಉರುಳುತ್ತಿತ್ತು. ತಂತಿ ಕತ್ತರಿಸುವ, ರಬ್ಬರ್ ಹಿಡಿಯ ಕಟಿಂಗ್ ಪ್ಲೇಯರ್ ಅವಳ ಏಪ್ರನ್ ಜೇಬಿನಲ್ಲಿತ್ತು. ಕರೆಂಟು ಹರಿಯುತ್ತಿರುವ ವೈರನ್ನು ಹಾಗೆ ಕತ್ತರಿಸಿದರೆ ಏನಾಗುತ್ತದೆಂದು ಅವಳಿಗೆ ಗೊತ್ತಿತ್ತು. ಕೈಗೆ ಹೊಡೆಯಬಹುದು. ಹೊಡೆಯದಿದ್ದರೆ ಫ್ಯೂಸು ಹಾರಿ ಇಡೀ ಮನೆ ಕತ್ತಲಾಗುತ್ತದೆ. ಈ ಕಿಟಕಿಯಿಲ್ಲದ ಕೋಣೆಯಲ್ಲಿ, ಹೀಗೆ ಸಿಕ್ಕಿಕೊಂಡು, ಕತ್ತಲು.

ಕಾಗದದ ಅಂಚಿನಲ್ಲಿ ಕೆಂಪು ಗೆರೆಯೊಂದು ಹರಿಯತೊಡಗಿತು.

ಅವಳು ಕಣ್ಣು ಮುಚ್ಚಿಕೊಂಡು ಕತ್ತರಿಸಿದಳು. ಪಟಾರೆಂದು ಕಿಡಿ ಹಾರಿತು. ಮುಚ್ಚಿದ ರೆಪ್ಪೆಯೊಳಗೂ ಬೆಳಕು ಕಂಡಿತು. ಕಣ್ಣು ಬಿಟ್ಟಾಗ ಏನೂ ಇರಲಿಲ್ಲ, ಆ ಕೆಂಪು ಗೆರೆ ಬಿಟ್ಟರೆ. ಅದೂ ಅಷ್ಟು ದೂರ ಹರಿದು, ಅಂಗಡಿಯಿಂದ ತಂದು ಹಚ್ಚಿದ್ದ ಅಂಟಿನ ತೇವಕ್ಕೆ ತಾಗಿ ಆರಿತು.

ಮೇಲೆ ಹವಾಮಾನ ಓದುತ್ತಿದ್ದವರು ಮಾತಿನ ನಡುವೆಯೇ ನಿಂತರು. ಈಗಲಾದರೂ ಬಂದೇ ಬರುತ್ತಾರೆ ಎಂದುಕೊಂಡಳು. ಫ್ಯೂಸ್ ಡಬ್ಬಿ ಇರುವುದೇ ನೆಲಮಾಳಿಗೆಯ ಮೆಟ್ಟಿಲ ಬಳಿ. ತಲೆಯ ಮೇಲೆ ದಡದಡ ಹೆಜ್ಜೆಗಳು ಓಡಿದವು. ಬೀದಿಬಾಗಿಲು ತೆರೆದ ಸದ್ದು, ಬಡಿದ ಸದ್ದು. ಆಮೇಲೆ ನಿಶ್ಶಬ್ದ.

ಮಾವ ಮನೆ ಬಿಟ್ಟು ಹೋಗಿದ್ದರು.

ಕತ್ತಲೆಯಲ್ಲಿ ಅವಳು ಕೂಗಲಿಲ್ಲ. ಕೂಗುವುದಕ್ಕೆ ಎದುರಿಗೆ ಏನಾದರೂ ಕಾಣಬೇಕು. ಅವಳ ಇಡೀ ಮೈ ಕಿವಿಯಾಯಿತು. ಪೈಪಿನೊಳಗೆ ಒಂದು ಹನಿ ಇಳಿದದ್ದು, ಬಿಸಿಯಾಗಿದ್ದ ದೀಪದ ಗಾಜು ತಣ್ಣಗಾಗುತ್ತಾ ಚಿಟ್ ಎಂದದ್ದು, ಚೀಲದಿಂದ ಪುಡಿ ಸೋರುತ್ತಿದ್ದದ್ದು. ಬೀದಿಯಲ್ಲಿ ಯಾರೋ ಬಕೆಟ್ಟು ಇಟ್ಟಂತಾಯಿತು. ಯಾರೋ ಕೆಮ್ಮಿದಂತಾಯಿತು. ಪ್ರತಿಯೊಂದು ಸದ್ದಿಗೂ ಅವಳು ಒಬ್ಬ ಮನುಷ್ಯನನ್ನು ಕಟ್ಟಿ, ಅವನನ್ನು ಬಾಗಿಲ ತನಕ ನಡೆಸಿಕೊಂಡು ಬರುತ್ತಿದ್ದಳು. ಅವನು ಅಲ್ಲಿಗೆ ಬಂದು ಕರಗಿಹೋಗುತ್ತಿದ್ದ. ಕೈ ಮುಂದೆ ಚಾಚಿದಾಗ ಏನೋ ತಗುಲಿ ಉರುಳಿತು. ಗೊಂಬೆ. ಬೆಳಗಿನಿಂದ ಮಾಡಿದ ದೃಶ್ಯ ಹೋಯಿತು. ಹೋಗಲಿ ಎಂದುಕೊಂಡಳು. ಅದನ್ನು ತಡಕಿ ಎತ್ತಿ ಅಂಗೈಯಲ್ಲಿ ಹಿಡಿದುಕೊಂಡಳು. ಏನನ್ನಾದರೂ ಹಿಡಿದುಕೊಳ್ಳಬೇಕಾಗಿತ್ತು.

ಇತ್ತ ಮಾವ ಬರಿಗಾಲಲ್ಲಿ ಬೀದಿಗೆ ಬಂದು ಎದುರಿನ ಕ್ಷೌರದಂಗಡಿಯ ಬೆಂಚಿನ ಮೇಲೆ ಕೂತಿದ್ದರು. ಕ್ಷೌರದವನನ್ನು ಬೀದಿಯವರೆಲ್ಲ ರೇಡಿಯೋ ಎಂದೇ ಕರೆಯುತ್ತಿದ್ದರು, ಒಮ್ಮೆ ಮಾತು ಶುರುವಾದರೆ ನಿಲ್ಲಿಸಲು ಗುಂಡಿ ಇಲ್ಲವೆಂದು. ಅವನು ಯಾರದೋ ಕೆನ್ನೆಗೆ ನೊರೆ ಹಚ್ಚುತ್ತಿದ್ದವನು ಹೊರಗೆ ಬಂದ.

"ಏನ್ ಯಜಮಾನ್ರೇ, ಚಪ್ಪಲಿ ಇಲ್ಲ, ಬೆವರು ಬೇರೆ! ಯಾರಾದ್ರೂ ಅಟ್ಟಿಸ್ಕೊಂಡು ಬಂದ್ರಾ?"

ಮಾವ ಜೇಬಿನಿಂದ ಮಿಷನ್ ತೆಗೆದು ಕಿವಿಗೆ ಹಾಕಿಕೊಂಡರು. "ಮನೆಯೊಳಗೆ ಯಾರೋ ತಟ್ತಿದ್ದಾರಪ್ಪ. ಗೋಡೆ ಒಳಗಿಂದ. ಆಮೇಲೆ ಕರೆಂಟೂ ಹೋಯ್ತು."

"ನಿಮ್ಮ ಸೊಸೆ ಕೆಳಗೆ ಏನೋ ಕುಟ್ತಿರಬೇಕು ಬಿಡಿ."

"ಅವಳು ಅಂಗಡಿಗೆ ಹೋಗಿದ್ದಾಳೆ. ಇನ್ನೂ ಬಂದಿಲ್ಲ."

ರೇಡಿಯೋ ನಕ್ಕ. "ಹಾಗಾದ್ರೆ ಇಲಿ. ದೊಡ್ಡ ಇಲಿ. ಕೂತ್ಕೊಳ್ಳಿ, ಇವರ ಇನ್ನೊಂದು ಕೆನ್ನೆ ಮುಗಿಸಿ ನಾನೇ ಬಂದು ನೋಡ್ತೀನಿ," ಎಂದು ಒಳಗೆ ಹೋದ.

ಮಾವ ಕೂತರು. ಆದರೆ ಕಣ್ಣು ಬೀದಿಯ ತಿರುವಿನಲ್ಲೇ ಇತ್ತು. ಇನ್ನೇನು ಸೊಸೆ ಬಂದುಬಿಡುತ್ತಾಳೆ. ಬಂದವಳು ಅತ್ತಿತ್ತ ನೋಡುವವಳಲ್ಲ, ಹಿತ್ತಲಿಂದ ನೇರ ಕೆಳಗೆ ಇಳಿಯುತ್ತಾಳೆ. ಕತ್ತಲು. ಒಬ್ಬಳೇ. ಬಾಗಿಲು ತೆಗೆದವರು ಒಳಗೆ, ಒಳಗಿದ್ದದ್ದು ಹೊರಗೆ. ಅವರು ಎದ್ದು ನಿಂತರು, ಮತ್ತೆ ಕೂತರು. ಯಾವಾಗ ಮತ್ತೆ ಎದ್ದರೋ ಅವರಿಗೇ ತಿಳಿಯಲಿಲ್ಲ. ರೇಡಿಯೋ ತಿರುಗಿ ನೋಡುವಷ್ಟರಲ್ಲಿ ಬೆಂಚು ಖಾಲಿಯಿತ್ತು.

ನೆಲಮಾಳಿಗೆಯಲ್ಲಿ ಸೊಸೆಗೆ ಮೆಟ್ಟಿಲ ಮೇಲೆ ಹೆಜ್ಜೆ ಕೇಳಿತು. ಇದನ್ನೂ ತಾನೇ ಕಟ್ಟಿಕೊಂಡೆನೆಂದುಕೊಂಡು ಸುಮ್ಮನಿದ್ದಳು. ಹೆಜ್ಜೆ ಕರಗಲಿಲ್ಲ. ಬಾಗಿಲು ಕಿರುಗುಟ್ಟಿತು. ತೆಳ್ಳನೆಯ ಬೂದು ಬೆಳಕಿನಲ್ಲಿ ಮಾವ ನಿಂತಿದ್ದರು. ಒಂದು ಕೈಯಲ್ಲಿ ಬಟ್ಟೆ ಕತ್ತರಿಸುವ ಉದ್ದ ಕತ್ತರಿ, ಇನ್ನೊಂದರಲ್ಲಿ ಇನ್ನೂ ಹೊತ್ತಿಸದ ಟಾರ್ಚು. ಕಣ್ಣು ಗಟ್ಟಿಯಾಗಿ ಮುಚ್ಚಿಕೊಂಡಿದ್ದರು.

"ನೋಡಪ್ಪ, ನೀನು ಯಾರೋ ನನಗೆ ಗೊತ್ತಿಲ್ಲ," ಎಂದರು. ಧ್ವನಿ ಸೀಳಿತ್ತು. "ನಿನ್ನ ಕೋಟು ಹೊಲಿದವನು ನಾನೇ. ಕುರ್ಚಿ ಎಲ್ಲಿದೆ ಹೇಳು, ನಾನು ಕೂತ್ಕೊಳ್ತೀನಿ. ನನಗೇನು, ವಯಸ್ಸಾಯ್ತು. ಅವಳು ಬರ್ತಾಳೆ ಈಗ. ಅವಳ ತಂಟೆಗೆ ಬರಬೇಡ."

ಸೊಸೆ ಕೈಯಲ್ಲಿದ್ದ ಗೊಂಬೆಯನ್ನು ಹಲಗೆಯ ಮೇಲಿಟ್ಟಳು.

"ಮಾವ," ಎಂದಳು ಮೆಲ್ಲಗೆ.

ಮಾವ ಟಾರ್ಚು ಹೊತ್ತಿಸಿದರು. ಬೆಳಕಿನಲ್ಲಿ ಅವರಿಗೆ ಕಂಡದ್ದು ಗೊಂಬೆಯ ಮನೆಯ ನೆಲದಿಂದ ಎದ್ದಿದ್ದ ಒಂದು ತಲೆ, ಎರಡು ಕೈ, ಹಿಟ್ಟು ಮೆತ್ತಿದಂಥ ಬಿಳೀ ಮುಖ, ಅದರಲ್ಲಿ ಕಣ್ಣೀರಿನ ಗೆರೆ. ಅವರು ಹಾಕಿದ ಕೂಗಿಗೆ ಎದುರಂಗಡಿಯಲ್ಲಿ ರೇಡಿಯೋನ ಕೈಯಿಂದ ಕತ್ತಿ ಬಿತ್ತಂತೆ. ಅದೊಂದು ಒಳ್ಳೆಯದೇ ಆಯಿತು. ಅವನು ಬಿಟ್ಟ ಬಾಣದಂತೆ ಓಡಿ ಬಂದ. ಅವನ ಹಿಂದೆ ಅರ್ಧ ಮುಖಕ್ಕೆ ನೊರೆ ಮೆತ್ತಿಕೊಂಡಿದ್ದ ಗಿರಾಕಿಯೂ ಬಂದ.

ಅಷ್ಟರಲ್ಲಿ ಮಾವ ಮೇಜಿನ ಹತ್ತಿರ ಬಂದು ಅವಳ ಕೆನ್ನೆ ಮುಟ್ಟಿ ನೋಡುತ್ತಿದ್ದರು. "ನೀನೇನಮ್ಮಾ? ನಿಜವಾಗ್ಲೂ ನೀನೇನಾ?"

"ನಾನೇ ಮಾವ. ಆಗ್ಲಿಂದ ನಾನೇ."

"ಮತ್ತೆ ಬಾಯಿಬಿಟ್ಟು ಹೇಳಬಾರದಾ!" ಎಂದು ಬೈದರು ಮಾವ, ಅಳುತ್ತಾ.

ಗಿರಾಕಿ, ರೇಡಿಯೋ ಸೇರಿ ಚೀಲಗಳನ್ನು ಒಂದೊಂದಾಗಿ ಎಳೆದು ಹಾಕಿದರು. ರ‍್ಯಾಕು ಮಾತ್ರ ಜಗ್ಗಲಿಲ್ಲ; ಅದನ್ನು ಮಿಸುಕಿಸಿದಾಗೆಲ್ಲ ಸೊಸೆ ಚೀರುತ್ತಿದ್ದಳು. ಹಲಗೆಯನ್ನು ಕಂಡಿಯ ತನಕ ಕೊಯ್ದು ಮೇಜಿನ ಕಾಲನ್ನು ಈಚೆಗೆ ಸರಿಸುವುದೊಂದೇ ದಾರಿ ಎಂದ ಗಿರಾಕಿ. ಹಲಗೆ ಕೊಯ್ಯಬೇಕೆಂದರೆ ಮೇಲಿನ ಮನೆ ಹೋಗಬೇಕು. ಮಾವ ಅಡ್ಡ ನಿಂತರು. "ಬೇಡ ಬೇಡ, ಇದಕ್ಕೆ ಅವಳು ಜೀವ ತೇದಿದ್ದಾಳೆ. ಬೇರೆ ಏನಾದ್ರೂ ನೋಡಿ."

"ಒಡೀರಿ," ಎಂದಳು ಸೊಸೆ.

"ಒಂದು ಸಲ ಯೋಚನೆ ಮಾಡಮ್ಮ..."

"ಮಾವ, ಒಡೀರಿ ಅಂದ್ರೆ ಒಡೀರಿ!" ಎಂದು ಕಿರುಚಿ, ಅವಳೇ ಸುತ್ತಿಗೆ ಎತ್ತಿ ಎದುರಿನ ಗೋಡೆಗೆ ಹೊಡೆದಳು. ಪುಟ್ಟ ಪಟಗಳು, ಕಪಾಟು, ಹೂವಿನ ಕಾಗದ ಎಲ್ಲ ಒಟ್ಟಿಗೆ ಕುಸಿದವು. ಆಚೆಯ ಗಾಳಿ ಮುಖಕ್ಕೆ ತಾಗಿತು.

ಹರಡಿನ ಮೂಳೆ ಬಿರುಕು ಬಿಟ್ಟಿತ್ತು. ಆಸ್ಪತ್ರೆಯಿಂದ ಕಾಲಿಗೆ ಪಟ್ಟಿ ಹಾಕಿಸಿಕೊಂಡು ಬಂದು ಸೊಸೆ ಹಜಾರದ ಮಂಚ ಹಿಡಿದಳು. ಗಂಡ ಫೋನಿನಲ್ಲಿ ವಿಷಯ ಕೇಳಿ ಒಂದು ಕ್ಷಣ ಗಾಬರಿಯಾಗಿ, ಆಮೇಲೆ ಅಪ್ಪನ ಕತ್ತರಿಯ ಪ್ರಸಂಗಕ್ಕೆ ಬಿದ್ದುಬಿದ್ದು ನಕ್ಕ. ರೇಡಿಯೋ ಇಡೀ ಊರಿಗೆ ಪ್ರಸಾರ ಮಾಡಿದ; ಅವನ ಕಥೆಯಲ್ಲಿ ದಿನದಿನಕ್ಕೆ ಚೀಲಗಳು ಹೆಚ್ಚುತ್ತಿದ್ದವು. ಆಗ ಕ್ಯಾಮೆರಾ ಓಡುತ್ತಿದ್ದರೆ ಅದೇ ಒಂದು ಸಿನಿಮಾ ಆಗುತ್ತಿತ್ತಲ್ಲ ಎಂದು ಲ್ಯಾಬಿನವರು ಬಂದು ಹೇಳಿದರು. ಸೊಸೆ ನಕ್ಕಳು. ಆದರೆ ಸ್ನಾನದ ಕೋಣೆಯ ಬಾಗಿಲು ಹಾಕಿಕೊಳ್ಳಲು ಅವಳಿಗೆ ಆಗುತ್ತಿರಲಿಲ್ಲ. ಚಿಲಕದ ಸದ್ದಿಗೇ ಪಕ್ಕೆ ಬಿಗಿದುಕೊಳ್ಳುತ್ತಿತ್ತು. ಸಿನಿಮಾದ ಮಾತು ಎತ್ತಿದರೆ, "ಆ ಕೆಲಸ ಮುಗೀತು ಮಾವ," ಎನ್ನುತ್ತಿದ್ದಳು.

ಕಾಲು ಊರುವಂತಾದ ಮೇಲೆ ಒಂದು ಬೆಳಿಗ್ಗೆ ಕೆಳಗಿನಿಂದ ಗುಡಿಸುವ ಸದ್ದು ಬಂತು. ಅವಳು ಗೋಡೆ ಹಿಡಿದುಕೊಂಡು ಮೆಟ್ಟಿಲ ತನಕ ಹೋದಳು. ನೆಲಮಾಳಿಗೆಯ ಬಾಗಿಲು ಇರಲಿಲ್ಲ. ಕೀಲು ಬಿಚ್ಚಿ ಹಿತ್ತಲ ಗೋಡೆಗೆ ಒರಗಿಸಿದ್ದರು. ಮಾವ ಕೆಳಗೆ ಪ್ಲಾಸ್ಟರ್ ಪುಡಿಯನ್ನು ಒಟ್ಟುಮಾಡುತ್ತಿದ್ದರು, ಒಬ್ಬರೇ.

"ನಿಮಗೆ ಹೆದರಿಕೆ ಆಗಲ್ವಾ ಮಾವ?"

"ಆಗುತ್ತೆ," ಎಂದರು ಮಾವ. "ಬಾ, ಈ ಕಡೆ ಹಿಡ್ಕೋ."

ಮನೆಯನ್ನು ಮತ್ತೆ ಕಟ್ಟಿದರು. ಈ ಸಲ ಮೇಜಿಗೆ ಕಂಡಿಯಿಲ್ಲ, ಒಂದು ಗೋಡೆಯನ್ನು ಬೇಕಾದಾಗ ತೆಗೆದು ಮತ್ತೆ ಕೂರಿಸುವಂತೆ ಮಾಡಿಕೊಂಡರು. ಬಾಗಿಲಿನ ಜಾಗಕ್ಕೆ ಕಪ್ಪು ಪರದೆ. ಶೂಟಿಂಗಿನ ಹೊತ್ತೆಲ್ಲ ಮಾವ ಅಲ್ಲೇ ಕುರ್ಚಿ ಹಾಕಿಕೊಂಡು ಕೂರುತ್ತಿದ್ದರು. ಕೆಮ್ಮು ಬಂದರೆ ಬಾಯಿ ಮುಚ್ಚಿಕೊಂಡು ಮೇಲಕ್ಕೆ ಓಡುವರು.

"ಕಥೆಯ ಕೊನೆ ಬದಲಾಯಿಸಿಬಿಡಮ್ಮ," ಎಂದರು ಒಂದು ದಿನ. "ಯಾರಾದ್ರೂ ಬಂದು ಬಿಡಿಸಲಿ ಅವನನ್ನ."

"ಕಥೆ ನನ್ನದಲ್ಲ ಮಾವ. ಎಲ್ಲರಿಗೂ ಗೊತ್ತಿರೋ ಕೊನೆ ಅದು."

ಕೊನೆ ಬದಲಾಯಿಸಲಿಲ್ಲ. ಬದಲಾಯಿಸಿದ್ದು ಗೊಂಬೆಯ ಮುಖ. ಮೊದಲು ಒಳಕೋಣೆಯ ದೃಶ್ಯಕ್ಕೆಂದು ಅಗಲ ಕಣ್ಣಿನ, ಬಾಯಿ ತೆರೆದ ಮುಖಗಳನ್ನು ಸಾಲುಸಾಲಾಗಿ ಮಾಡಿಟ್ಟಿದ್ದಳು. ಅವನ್ನೆಲ್ಲ ಡಬ್ಬಿಗೆ ಹಾಕಿದಳು. ಕಿರುಚುವುದು ಸ್ವಲ್ಪ ಹೊತ್ತು ಮಾತ್ರ. ಉಳಿದ ಹೊತ್ತೆಲ್ಲ ಮನುಷ್ಯ ಕೇಳಿಸಿಕೊಳ್ಳುತ್ತಾನೆ ಎಂದು ಅವಳಿಗೀಗ ಗೊತ್ತಿತ್ತು. ಬಾಯಿ ಮುಚ್ಚಿದ, ಕತ್ತು ತುಸು ವಾಲಿಸಿದ ಒಂದೇ ಮುಖ ಮಾಡಿದಳು. ಗೊಂಬೆ ಕುರ್ಚಿಯ ಮೇಲೆ ಕೂತು, ಗೋಡೆಗೆ ಕಿವಿಗೊಟ್ಟು, ಹೊರಗೆ ಯಾರಾದರೂ ನಡೆಯುತ್ತಿದ್ದಾರೇನೋ ಎಂದು ಕೇಳುತ್ತಾ ಇರುತ್ತದೆ. ತೀರಾ ಕೊನೆಗೆ ಕೈ ಎತ್ತುತ್ತದೆ.

ಸಣ್ಣ ಸಭಾಂಗಣವೊಂದರಲ್ಲಿ ಇನ್ನೂ ಏಳೆಂಟು ಚಿತ್ರಗಳ ಜೊತೆ ಅದನ್ನು ತೋರಿಸಿದರು. ಬಹುಮಾನ ಬೇರೆ ಯಾವುದಕ್ಕೋ ಬಂತು. ಆದರೆ ಆ ಕುರ್ಚಿಯ ದೃಶ್ಯದ ಹೊತ್ತಿಗೆ ಸಭೆಯಲ್ಲಿ ಒಬ್ಬರೂ ಮಿಸುಕಲಿಲ್ಲ. ಮುಗಿದ ಮೇಲೂ ಚಪ್ಪಾಳೆ ಶುರುವಾಗಲು ತಡವಾಯಿತು. ರೇಡಿಯೋ ಕೂಡ ಮಾತಾಡದೆ ಹೊರಗೆ ಬಂದ.

ಬಸ್ಸಿಗೆ ಕಾಯುತ್ತಾ ನಿಂತಾಗ ಮಾವ ಕೇಳಿದರು, "ಅವನು ಹಾಗೇ ಎಷ್ಟು ದಿನ ಕೂತಿರ್ತಾನಮ್ಮ?"

"ಆ ಮನೆಗೆ ಇನ್ನೊಬ್ಬರು ಬರೋ ತನಕ."

ಮಾವ ರಸ್ತೆಯ ಕಡೆ ನೋಡಿದರು. "ಯಾರೂ ಬರದೇ ಇರಲಿ ಅನ್ನೋಣ ಅಂದ್ರೆ, ಅವನ ಗತಿ ಏನು," ಎಂದರು. ಬಸ್ಸು ಬಂತು. ತುಂಬಿತ್ತು.

"ಮುಂದಿನದಕ್ಕೆ ಹೋಗೋಣ ಮಾವ," ಎಂದಳು ಸೊಸೆ. ಇಬ್ಬರೂ ಗಾಳಿಯಲ್ಲಿ ನಿಂತುಕೊಂಡರು.